ಮೋಟಾರು ರಾಯರ ದೊರೆಯ ಚರಿತ್ರೆ

ಮೊನ್ನೆ ಶಿಕಾರಿಪುರದ ಬಸ್ ಸ್ಟ್ಯಾಂಡಿನ ಪಕ್ಕ ಒಬ್ಬ ಸೈಕಲ್ ಶಾಪಿನವನು ತುಕ್ಕು ಹಿಡಿದ ಕಬ್ಬಿಣಕ್ಕೆ ಸೀಮೆಎಣ್ಣೆ ಹಾಕಿ ತಿಕ್ಕುತ್ತಿದ್ದ. ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಮೋಟಾರು ರಾಯರ ನಡುಮನೆ ಕಣ್ಣೆದುರು ಬಂತು. ಅದರ ಬೆನ್ನಿಗೇ ಸಿಟ್ಟೂ ಬಂತು. ಎಂಬತ್ತೇಳರ ಮುದುಕನಿಗೆ ಸಿಟ್ಟು ಆಗಿಬರೋದಿಲ್ಲ ಅಂತ ಡಾಕ್ಟರು ಹೇಳಿದ್ದಾರೆ. ಅವರಿಗೇನು ಗೊತ್ತು, ಪಾಪ, ಅವರು ಮೋಟಾರು ರಾಯರನ್ನು ಕಂಡವರಲ್ಲ.

ಐವತ್ತೆಂಟನೇ ಇಸವಿ. ನಾನು ಇಂಗ್ಲಿಷ್ ಮೇಷ್ಟ್ರಾಗಿ ಶಿಕಾರಿಪುರದ ಹೈಸ್ಕೂಲಿಗೆ ಬಂದು ಆರು ತಿಂಗಳಾಗಿತ್ತು. ಊರು ಕೆಟ್ಟದ್ದೇನೂ ಅಲ್ಲ, ಕೆಟ್ಟಿದ್ದು ನನ್ನ ತಲೆ. ಶಿವಮೊಗ್ಗದಲ್ಲಿ ಓದಿ ಬಂದವನು ತಾನೆ. ಅಲ್ಲಿಯ ಹೋಟೆಲ್ ಕಾಫಿ, ವಾರಕ್ಕೊಂದು ಸಿನಿಮಾ, ಸಂಜೆ ನಾಲ್ಕು ಜನ ಗೆಳೆಯರ ಜೊತೆ ಹರಟೆ, ಇವಿಲ್ಲದೆ ಜೀವನವೇ ಇಲ್ಲ ಅಂದುಕೊಂಡಿದ್ದೆ. ಇಲ್ಲಿ ನನ್ನ ಬಾಡಿಗೆ ರೂಮಿನ ಮಂಚದ ತುಂಬ ತಿಗಣೆ. ಬೇಸಿಗೆ ಬೇರೆ ಶುರುವಾಗಿತ್ತು, ಒಂದು ಬಸ್ಸು ಹೋದರೆ ಅದರ ಕೆಂಪು ಧೂಳು ಮಧ್ಯಾಹ್ನದ ಊಟದ ತಟ್ಟೆಗೂ ಬಂದು ಕೂರುತ್ತಿತ್ತು. ಹೇಗಾದರೂ ವರ್ಗ ಆಗಬೇಕು, ಅದೊಂದೇ ಜಪ.

ಆಗ ಗಂಟು ಬಿದ್ದವರು ರಾಯರು. ಮದರಾಸಿನಲ್ಲಿ ಕಾರಿದ್ದ ಸಾಹುಕಾರರೆಲ್ಲ ಸೇರಿ ಕಟ್ಟಿಕೊಂಡಿದ್ದ ಒಂದು ಮೋಟಾರು ಸಂಘದಲ್ಲಿ ಅವರು ಗುಮಾಸ್ತರಾಗಿ ಸೇರಿ, ಹೆಡ್ ಕ್ಲಾರ್ಕಾಗಿ ನಿವೃತ್ತರಾಗಿ, ಅಪ್ಪನ ಮನೆಗೆ ವಾಪಸ್ಸು ಬಂದಿದ್ದರು. ಸ್ವಂತಕ್ಕೆ ಒಂದು ಸೈಕಲ್ಲೂ ಇಟ್ಟವರಲ್ಲ, ಆದರೂ ಊರವರ ಬಾಯಲ್ಲಿ ಮೋಟಾರು ರಾಯರು. ದಿನಾ ಬೆಳಿಗ್ಗೆ ಕೋಟು ಹಾಕಿಕೊಂಡು ರಸ್ತೆಗೆ ಬಂದು ನಿಲ್ಲುತ್ತಿದ್ದರು. ಎತ್ತಿನ ಗಾಡಿಯವರನ್ನು ತಡೆದು, "ಎಡಕ್ಕೆ ಹೋಗಯ್ಯಾ, ಎಡಕ್ಕೆ! ದೊರೆ ಇದ್ದಿದ್ರೆ ನಿನ್ನ ಲೈಸೆನ್ಸ್ ಕಿತ್ಕೋತಿದ್ರು" ಅನ್ನುತ್ತಿದ್ದರು. ಎತ್ತಿನ ಗಾಡಿಗೆ ಎಲ್ಲಿಯ ಲೈಸೆನ್ಸು? ಗಾಡಿಯವರು "ಆಗ್ಲಿ ಬುದ್ಧಿ" ಅಂತ ನಕ್ಕು ಬಲಕ್ಕೇ ಹೋಗುತ್ತಿದ್ದರು.

ದೊರೆ ಅಂದರೆ ಆ ಸಂಘದ ಕಾರ್ಯದರ್ಶಿಯಾಗಿದ್ದ ಇಂಗ್ಲಿಷಿನವನು. ರಾಯರು ಅವನ ಹೆಸರು ಹೇಳಿದ್ದು ನಾನು ಕೇಳಿಲ್ಲ. ಹಿಂದಿನ ಕಾಲದ ಹೆಂಡತಿಯರು ಗಂಡನ ಹೆಸರು ಹೇಳದ ಹಾಗೆ. ನಾನೂ ಇಲ್ಲಿ ಹೇಳೋದಿಲ್ಲ. ನನ್ನ ಕಾರಣ ಬೇರೆ: ಆ ಮನುಷ್ಯನಿಗೆ ಇನ್ನೊಂದು ಸಲ ಮರ್ಯಾದೆ ಮಾಡುವ ಮನಸ್ಸು ನನಗಿಲ್ಲ. ಅವನು ಸತ್ತು ಆಗಲೇ ಕೆಲವು ವರ್ಷ ಕಳೆದಿತ್ತು. ಅವನ ಮಗಳು ತಂದೆಯ ಮೇಲೊಂದು ಪುಸ್ತಕ ಅಚ್ಚು ಹಾಕಿಸಬೇಕು ಅಂತ ಹೊರಟು, ಹಳೆಯ ನೌಕರರಿಗೆಲ್ಲ ಕಾಗದ ಬರೆದಿದ್ದಳು. ನಿಮಗೆ ಗೊತ್ತಿದ್ದದ್ದು ಬರೆದು ಕಳಿಸಿ ಅಂತ. ಆ ಕಾಗದ ಬಂದ ದಿನ ರಾಯರು ಊಟ ಬಿಟ್ಟರಂತೆ.

ರಾಯರ ಇಂಗ್ಲಿಷು ಆಫೀಸಿನ ಇಂಗ್ಲಿಷು. 'ತಮ್ಮ ಅತ್ಯಂತ ವಿಧೇಯ ಸೇವಕ' ಅನ್ನೋದನ್ನು ಚೆನ್ನಾಗಿ ಬರೆಯುತ್ತಿದ್ದರು, ಅದಕ್ಕಿಂತ ಮುಂಚೆ ಬರಬೇಕಾದದ್ದು ಬರುತ್ತಿರಲಿಲ್ಲ. ಹಾಗಾಗಿ ನನ್ನನ್ನು ಕರೆಸಿದರು. "ನಾನು ಕನ್ನಡದಲ್ಲಿ ಹೇಳ್ತೀನಿ, ನೀನು ಇಂಗ್ಲಿಷಿನಲ್ಲಿ ಬರಿ. ನನ್ನ ತಂಗಿ ಮಗ ವರ್ಗದ ಕಾಗದ ಹೋಗೋ ಮೇಜಿನಲ್ಲೇ ಕೂತಿದಾನೆ ಕಣಯ್ಯಾ. ಶಿವಮೊಗ್ಗ ಏನು ಮಹಾ!" ಅಂದರು. ನಾನು ಅವತ್ತೇ ಪೆನ್ನಿಗೆ ಇಂಕು ತುಂಬಿಸಿಕೊಂಡೆ.

ಸ್ಕೂಲು ಬಿಟ್ಟ ಮೇಲೆ ದಿನಾ ಸಂಜೆ ಅವರ ನಡುಮನೆಯಲ್ಲಿ ಕೂರೋದು. ಗೋಡೆಯ ಮೇಲೆ ದೊರೆ ಕೊಟ್ಟ ಹಳೆಯ ಕತ್ತಿ. ತೆಳ್ಳಗೆ, ಉದ್ದಕ್ಕೆ, ನಡುವೆ ಬಾಗಿಹೋಗಿತ್ತು. ತನಗೆ ಉಪಯೋಗಕ್ಕೆ ಬಾರದ್ದನ್ನು ದಾನ ಮಾಡಿದ್ದ ಪುಣ್ಯಾತ್ಮ. ರಾಯರು ಅದನ್ನು ಇಳಿಸಿ ಸೀಮೆಎಣ್ಣೆ ಬಟ್ಟೆಯಿಂದ ತಿಕ್ಕುತ್ತಾ ಹೇಳುತ್ತಿದ್ದರು, ನಾನು ಬರೆಯುತ್ತಿದ್ದೆ. ದೊರೆ ಹುಟ್ಟಿದ್ದು ದೊಡ್ಡ ಬಂಗಲೆಯಲ್ಲಿ. ಆ ಬಂಗಲೆಗೆ ಎಷ್ಟು ಕಿಟಕಿ ಅಂತ ರಾಯರಿಗೆ ಗೊತ್ತಿತ್ತು, ತಮ್ಮ ಮುತ್ತಜ್ಜಿಯ ಹೆಸರು ಗೊತ್ತಿರಲಿಲ್ಲ. ವಯಸ್ಸಿನಲ್ಲಿ ದೊರೆ ಕತ್ತಿ ಆಟದಲ್ಲಿ ದೊಡ್ಡ ಹೆಸರು. ಮುಖಕ್ಕೆ ತಂತಿಯ ಜಾಲರಿ, ಮೈಗೆ ದಪ್ಪನೆಯ ಬಿಳಿ ಅಂಗಿ, ಕತ್ತಿಯ ತುದಿಗೆ ಚುಚ್ಚದ ಹಾಗೆ ಗುಂಡಿ. ಹೊಟ್ಟೆ ತುಂಬಿದವರು ಹೀಗೆ ಕಟ್ಟಿಕೊಂಡು ಒಬ್ಬರನ್ನೊಬ್ಬರು ತಿವಿಯುವುದು, ತಿವಿದ ಮೇಲೆ ಕೈಕುಲುಕುವುದು. ತನ್ನ ದೇಶದ ಪರವಾಗಿ ಬೇರೆ ದೇಶದವರನ್ನೂ ಹೋಗಿ ತಿವಿದು ಬಂದಿದ್ದನಂತೆ.

"ಇದನ್ನ ಚೆನ್ನಾಗಿ ಬರಿ," ಅಂತ ರಾಯರು ಬೆರಳು ಎತ್ತಿದರು. "ಎದುರಾಳಿ ಕತ್ತಿ ತಾಗಿದ್ರೆ, ತೀರ್ಪುಗಾರ ನೋಡದೇ ಇದ್ರೂ, ದೊರೆ ತಾವೇ ಕೈ ಎತ್ತಿ 'ತಾಗಿತು' ಅಂತ ಒಪ್ಕೊಳ್ತಿದ್ರು. ಅಂಥಾ ಸತ್ಯವಂತರು."

ಒಳಗಿನಿಂದ ರಾಯರ ಹೆಂಡತಿ ಕಾವೇರಮ್ಮ ಕಾಫಿ ತಂದಿಟ್ಟು, "ಮೂವತ್ತು ವರ್ಷದಿಂದ ಆ ಕತ್ತಿ ತಿಕ್ತಿದಾರೆ. ಒಂದು ದಿನ ಆ ಕೈಯಲ್ಲಿ ಮಜ್ಜಿಗೆ ಕಡೆಗೋಲು ಹಿಡಿದಿದ್ರೆ ನನ್ನ ತೋಳಿಗೆ ಸ್ವಲ್ಪ ಸುಖ ಸಿಗ್ತಿತ್ತು," ಅಂದು ಹೋದರು. ಆ ಮನೆಯಲ್ಲಿ ಬುದ್ಧಿ ಅಂತ ಇದ್ದದ್ದು ಅಡುಗೆಮನೆಯಲ್ಲಿ.

ಆಮೇಲೆ ಮೋಟಾರು ಬಂತು. ದೊರೆ ಕತ್ತಿ ಬಿಟ್ಟು ಕಾರು ಹಿಡಿದ. ಸಾಹುಕಾರರ ಕಾರು ಎಷ್ಟು ಜೋರಾಗಿ ಹೋಗುತ್ತೆ ಅಂತ ಇಂಗ್ಲೆಂಡಿನ ಪೊಲೀಸರು ಪೊದೆಯಲ್ಲಿ ಅಡಗಿ ಅಳೆಯುತ್ತಿದ್ದರಂತೆ. ಅದರ ವಿರುದ್ಧ ಅರ್ಜಿ ಬರೆದು, ಸಭೆ ಸೇರಿಸಿ ಹೋರಾಡಿದ ಮಹಾನುಭಾವ ಇವನು. ಅಬ್ಬಾ, ಎಂಥಾ ಹೋರಾಟ! ನಮ್ಮವರು ಸ್ವದೇಶಿ ಅಂತ ಜೈಲಿಗೆ ಹೋಗುವ ಕಾಲಕ್ಕೆ ಇವನದು ಧೂಳೆಬ್ಬಿಸುವ ಹಕ್ಕಿನ ಹೋರಾಟ. ಆ ಕೀರ್ತಿಯ ಮೇಲೆ ಮದರಾಸಿಗೆ ಬಂದ. ರಸ್ತೆಗಳ ನಕ್ಷೆ ಮಾಡಿಸಿದ, ತಿರುವಿನಲ್ಲಿ ಬೋರ್ಡು ನೆಡಿಸಿದ, ಡ್ರೈವರುಗಳಿಗೆ ಪರೀಕ್ಷೆ ಇಟ್ಟ. ನಕ್ಷೆಗಾಗಿ ಒಂದು ಸಲ ನಮ್ಮ ಸೀಮೆಗೂ ಕಾರಿನಲ್ಲಿ ಬಂದಿದ್ದನಂತೆ, ಶಿಕಾರಿಪುರದಿಂದ ಸೊರಬ, ಅಲ್ಲಿಂದ ಚಂದ್ರಗುತ್ತಿ. ಹಿಂದಿನ ಸೀಟಿನಲ್ಲಿ ಕೂತು ಲೆಕ್ಕ ಬರೆದುಕೊಂಡವರು ನಮ್ಮ ರಾಯರು. ದೊರೆ ತಮ್ಮ ಊರಿಗೆ ಬಂದದ್ದು ಅವರ ಜನ್ಮದ ದೊಡ್ಡ ಹಬ್ಬ.

"ಬಳ್ಳಿಗಾವಿ ಹತ್ರ ದೊರೆ ಒಂದು ಕಲ್ಲು ಹಾಕಿಸಿದಾರೆ. ಸೊರಬದ ಬಂಗಲೆ ಪುಸ್ತಕದಲ್ಲಿ ಅವರ ಸ್ವಂತ ಅಕ್ಷರ ಇದೆ. ಎರಡೂ ನೋಡ್ಕೊಂಡು ಬಾ, ವರ್ಣನೆಗೆ ಬೇಕು," ಅಂತ ರಾಯರು ನನ್ನನ್ನು ಒಂದು ಭಾನುವಾರ ಬಸ್ಸು ಹತ್ತಿಸಿದರು.

ಸೊರಬದಲ್ಲಿ ಪ್ರವಾಸಿ ಬಂಗಲೆ ನೋಡಿಕೊಳ್ಳುವ ಮೇಟಿ ಒಳ್ಳೆಯ ಮುದುಕ. ತಂಗಿದವರು ಅಭಿಪ್ರಾಯ ಬರೆಯುವ ಹಳೆಯ ಪುಸ್ತಕಗಳನ್ನು ಹಗ್ಗ ಕಟ್ಟಿ ಅಟ್ಟದ ಮೇಲೆ ಇಟ್ಟಿದ್ದ. ಧೂಳು ಕೊಡವಿ ಹುಡುಕಿದರೆ ದೊರೆಯ ಅಕ್ಷರ ಸಿಕ್ಕಿತು. ಎರಡೇ ಸಾಲು. ಹಾಸಿಗೆ ಸ್ವಚ್ಛವಾಗಿದೆ, ಮೊಟ್ಟೆಗಳು ತೀರ ಸಣ್ಣವು. ದಾರಿಯಲ್ಲಿ ತುಸು ತೊಂದರೆಯಾಗಿ ತಡವಾಯಿತು. ಇಷ್ಟೇ ಮಹಾಕಾವ್ಯ. ಅದನ್ನು ಭಕ್ತಿಯಿಂದ ಬರೆದುಕೊಂಡೆ, ನಾನೂ ಆಗ ಅಂಥವನೇ.

ವಾಪಸ್ಸು ಬರುವಾಗ ಬಳ್ಳಿಗಾವಿಯ ದಾರಿಯಲ್ಲಿ ಇಳಿದೆ. ಬಳ್ಳಿಗಾವಿಯಲ್ಲಿ ಕಲ್ಲಿನ ಮೇಲೆ ಬರೆಸಿದವರಿಗೇನು ಬರ. ರಾಜರು ಬರೆಸಿದ್ದಾರೆ, ರಾಣಿಯರು ಬರೆಸಿದ್ದಾರೆ. ಗದ್ದೆ ಬಿಟ್ಟದ್ದು, ಕೆರೆ ಕಟ್ಟಿಸಿದ್ದು, ಓದುವ ಮಕ್ಕಳಿಗೆ ಅನ್ನ ಹಾಕಿದ್ದು. ನಮ್ಮ ದೊರೆ ಬರೆಸಿದ್ದು ಒಂದು ಸಾಲು: 'ದನಗಳೂ ಜನರೂ ರಸ್ತೆಯ ಅಂಚಿನಲ್ಲಿ ನಡೆಯತಕ್ಕದ್ದು.' ದನ ಮೊದಲು, ಜನ ಆಮೇಲೆ. ಕಲ್ಲಿಗೆ ಒರಗಿ ಒಬ್ಬ ಕೂತಿದ್ದ. ಅರವತ್ತರ ಹತ್ತಿರ, ಹಣೆಯ ಮೇಲೆ ವಿಭೂತಿ, ಬಲಗಾಲು ಮೊಣಕಾಲಿನ ಕೆಳಗೆ ಇಲ್ಲ, ಪಕ್ಕದಲ್ಲಿ ಕಂಕುಳಿಗೆ ಊರುವ ಕೋಲು.

"ಏನ್ರೀ, ನನ್ನ ಕಲ್ಲು ಓದ್ತಾ ಇದೀರಾ?" ಅಂದ.

"ನಿಮ್ಮದಾ ಇದು?"

"ಮತ್ತೆ? ನನ್ನ ಕಾಲು ಹೋಗಿದ್ದಕ್ಕೇ ಈ ಕಲ್ಲು ಬಂದಿದ್ದು. ಬಸಣ್ಣ ಅಂತ ಹೆಸರು. ಊರಾಗೆ ನಡುರಸ್ತೆ ಬಸಣ್ಣ ಅಂತಾರೆ."

ಆಮೇಲೆ ಅವನು ಹೇಳಿದ್ದು ಇದು. ಇಪ್ಪತ್ತೈದರ ಹರೆಯ. ತಲೆಯ ಮೇಲೆ ಮೇವಿನ ಹೊರೆ ಹೊತ್ತು ರಸ್ತೆಯ ಅಂಚಿನಲ್ಲೇ ಮನೆಗೆ ಹೋಗುತ್ತಿದ್ದ. ಎದುರಿನಿಂದ ಒಂದು ಗಾಡಿ, ಹಿಂದಿನಿಂದ ದೊರೆಯ ಕಾರು. ಗಾಡಿ ತಪ್ಪಿಸಲು ಹೋದ ದೊರೆ ಕಾರನ್ನು ಇವನ ಮೇಲೆ ತಂದ. ಕಾರು ಇವನ ಕಾಲು ಮುರಿದು ಸೀದಾ ಚರಂಡಿಗೆ ಇಳಿಯಿತು.

"ಗೌಡ್ರ ಎತ್ತು ಕಟ್ಟಿ ಚರಂಡಿಯಿಂದ ಎಳೆಸಿದ್ರು ರೀ. ನಾನು ನಡುರಸ್ತೆದಾಗೆ ಇದ್ದಿದ್ರೆ ಕಾರು ಚರಂಡಿಗೆ ಯಾಕೆ ಬೀಳ್ತಿತ್ತು? ನೀವು ಓದಿದೋರು, ನೀವೇ ಹೇಳ್ರಿ. ಕಾರಿನಾಗೆ ಒಬ್ಬ ರಾಯರು ಇದ್ರು. ಕಾಗದ ತಂದ್ರು, ಆಸ್ಪತ್ರೆಗೆ ಸೇರ್ಸೋ ಕಾಗದ ಅಂದ್ರು, ಹೆಬ್ಬೆಟ್ಟು ಒತ್ತಿಸ್ಕೊಂಡ್ರು. ಕಾಲು ತೆಗೆಸ್ಕೊಂಡು ಊರಿಗೆ ಬಂದ್ರೆ ಚಾವಡ್ಯಾಗೆ ಆ ಕಾಗದ ಓದಿಬಿಟ್ಟಿದ್ರು. ನಾನು ಹೆಂಡ ಕುಡಿದು ನಡುರಸ್ತೆದಾಗೆ ತೂರಾಡ್ತಿದ್ದೆ, ತಪ್ಪು ನಂದೇ ಅಂತ ನಾನೇ ಹೇಳಿದೀನಂತೆ!"

ಅವನು ಎದೆಯ ಮೇಲಿನ ಲಿಂಗದ ಕರಡಿಗೆ ಹಿಡಿದು ತೋರಿಸಿದ. "ಲಿಂಗ ಕಟ್ಟಿದ ಮೈ ರೀ ಇದು. ಹೆಂಡದ ವಾಸನೆ ಕಂಡಿಲ್ಲ. ನಮ್ಮಪ್ಪ ಸಾಯೋತನಕ ನನ್ನ ಕೈ ನೀರು ಮುಟ್ಲಿಲ್ಲ. ಜಡೆ ಊರಾಗೆ ಒಂದು ಹೆಣ್ಣು ಗೊತ್ತಾಗಿತ್ತು, ಕುಡುಕಗೆ ಕೊಡಲ್ಲ ಅಂದ್ರು. ಅಣ್ಣ ಅದಾನೆ, ಎಪ್ಪತ್ತು ದಾಟೈತಿ. ಮೂವತ್ತು ವರ್ಷ ಆತು, ಒಂದೇ ಮನೆ, ನನಗೆ ಜಗಲಿ ಮೇಲೆ ಗಂಗಾಳ. ಪಂಕ್ತಿಗೆ ಕೂರ್ಸಲ್ಲ. ನಾನು ಕುಡಿದಿಲ್ಲೋ ಅಣ್ಣಾ ಅಂದ್ರೆ, 'ಕಾಗದ ಸುಳ್ಳು ಹೇಳ್ತೈತೇನೋ' ಅಂತಾನೆ."

ನೋಡಿ, ಇದು ನಮ್ಮ ಸೀಮೆಯ ಜನ ಮಾತ್ರ ಮಾಡುವ ತಪ್ಪು. ಚರಂಡಿಗೆ ಬಿದ್ದ ಕಾರು ಊರೆಲ್ಲ ನೋಡಿತ್ತು. ಎತ್ತು ಕಟ್ಟಿ ಎಳೆದವರು ಅವರೇ. ಕಣ್ಣು ಕಂಡದ್ದು ಸುಳ್ಳು, ಕಾಗದ ಹೇಳಿದ್ದು ನಿಜ! ಒಡಹುಟ್ಟಿದವನನ್ನು ನಂಬದ ಅಣ್ಣ ಯಾರೋ ಗುಮಾಸ್ತ ಗೀಚಿದ ಮಸಿಯನ್ನು ನಂಬಿದ.

ನಾನು ಶಿಕಾರಿಪುರದ ಹೈಸ್ಕೂಲಿನ ಮೇಷ್ಟ್ರು, ದೊರೆಯ ಚರಿತ್ರೆ ಬರೆಯುತ್ತಿದ್ದೇನೆ, ಅದು ಇಂಗ್ಲೆಂಡಿನಲ್ಲಿ ಅಚ್ಚಾಗುತ್ತದೆ ಅಂತ ಬಾಯಿ ಬಿಟ್ಟೆ. ಬಸಣ್ಣನ ಮುಖ ಅರಳಿತು. "ಹಂಗಾದ್ರೆ ಒಂದೇ ಒಂದು ಮಾತು ಹಾಕ್ರಿ. ಬಸಣ್ಣ ಕುಡಿದಿರ್ಲಿಲ್ಲ, ಅಂಚಿಗೇ ಇದ್ದ ಅಂತ. ಮತ್ತೇನೂ ಬ್ಯಾಡ. ಕಾಗದದಿಂದ ಹೋದ ಮಾನ ಕಾಗದದಿಂದ್ಲೇ ಬರ್ಬೇಕು. ಅಣ್ಣ ಬದುಕಿರೋವಾಗ ಒಂದು ಸಲ ಪಕ್ಕದಾಗೆ ಕೂತು ಉಂಡ್ರೆ ಸಾಕು ನನಗೆ."

"ಬರೀತೀನಿ. ಅದು ನನ್ನ ಜವಾಬ್ದಾರಿ," ಅಂದೆ. ಮಾತಾಡುವುದಕ್ಕೇನು, ನಾಲಿಗೆಗೆ ಎಲುಬಿಲ್ಲ.

ಮರುದಿನ ಸಂಜೆ ರಾಯರ ಮುಂದೆ ಬಳ್ಳಿಗಾವಿ ಅಂದದ್ದೇ ಸಾಕು, ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ, "ಆ ಕುಂಟ ಸಿಕ್ಕಿದ್ನಾ?" ಅಂದರು. ನಾನು ಎಲ್ಲ ಹೇಳಿದೆ. ಅವರು ಕತ್ತಿ ತಿಕ್ಕುವುದನ್ನು ನಿಲ್ಲಿಸಲೇ ಇಲ್ಲ.

"ಹೌದು, ನಾನೇ ಬರೆದೆ. ಈಗೇನು?"

"ದೊರೆ ಬರಿ ಅಂದ್ರಾ?"

"ದೊರೆ ಏನೂ ಅನ್ಲಿಲ್ಲ. ಮರದ ನೆರಳಲ್ಲಿ ಕೂತು ಚುಟ್ಟ ಸೇದ್ತಿದ್ರು. ಅಂಥೋರು ಬಾಯಿ ಬಿಟ್ಟು ಹೇಳ್ತಾರೇನಯ್ಯಾ? ಏನು ಬೇಕು ಅಂತ ನಮಗೆ ಗೊತ್ತಾಗ್ಬೇಕು. ನನಗೆ ಗೊತ್ತಾಯ್ತು. ಅದಕ್ಕೇ ನಾನು ಹೆಡ್ ಕ್ಲಾರ್ಕ್ ಆದೆ."

ಇಷ್ಟು ವರ್ಷದಲ್ಲಿ ನಾನು ಬಹಳ ನೀಚರನ್ನು ಕಂಡಿದ್ದೇನೆ. ತಮ್ಮ ನೀಚತನವನ್ನು ಕೆಲಸದ ಹೆಚ್ಚುಗಾರಿಕೆ ಅಂತ ಹೀಗೆ ತಟ್ಟೆಯಲ್ಲಿಟ್ಟು ತೋರಿಸಿದವರು ಅವರೊಬ್ಬರೇ. ಇನ್ನು ಆ ದೊರೆ! ಆಟದಲ್ಲಿ ತನಗೆ ಗುಂಡಿ ತಾಗಿದರೆ ಕೈ ಎತ್ತುತ್ತಿದ್ದನಂತೆ. ಒಬ್ಬನ ಕಾಲು ಮುರಿದಾಗ ಆ ಕೈಗೆ ಚುಟ್ಟ ಭಾರವಾಗಿತ್ತು. ಅವತ್ತು ಸಂಜೆಯೇ ಸೊರಬದ ಬಂಗಲೆಯಲ್ಲಿ ಕೂತು, ಮೊಟ್ಟೆ ಸಣ್ಣದು ಅಂತ ಬರೆದ. ಬಸಣ್ಣನ ಕಾಲು ಅವನಿಗೆ 'ತುಸು ತೊಂದರೆ.' ಥೂ!

ಕಾವೇರಮ್ಮ ಬಾಗಿಲಲ್ಲಿ ನಿಂತು ಎಲ್ಲ ಕೇಳಿಸಿಕೊಂಡಿದ್ದರು. "ಇದು ನನಗೆ ಗೊತ್ತಿರಲಿಲ್ಲ," ಅಂದರು. ಗಂಡನ ಕಡೆ ನೋಡಲಿಲ್ಲ, ನನ್ನ ಕಡೆ ನೋಡಿದರು. "ನೀನಾದ್ರೂ ಬರಿಯಪ್ಪಾ. ನಾಲ್ಕು ಅಕ್ಷರ ಕಲ್ತಿದ್ದಕ್ಕೆ ಒಂದು ಸಾಲು ಬರಿ."

ರಾಯರು ಕತ್ತಿಯನ್ನು ಗೋಡೆಗೆ ಸಿಕ್ಕಿಸಿ ತಣ್ಣಗೆ ಹೇಳಿದರು, "ಉಪ್ಪುಂಡ ಮನೆಗೆ ಎರಡು ಬಗೀಬಾರದು. ನಿನ್ನ ಕಾಗದ ಮುಂದಿನ ವಾರ ಮೇಜಿಗೆ ಬರುತ್ತೆ ಅಂತ ತಂಗಿ ಮಗ ಬರೆದಿದಾನೆ. ನೋಡು, ನಿನ್ನಿಷ್ಟ."

ನನ್ನಿಷ್ಟ ಏನು ಅಂತ ಅವರಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು. ರೂಮಿಗೆ ಹೋಗಿ ಮಂಚದ ಮೇಲೆ ಕೂತು ಹನ್ನೆರಡು ಪುಟ ಬರೆದೆ. ಒಳ್ಳೆಯ ಇಂಗ್ಲಿಷು ಕಣ್ರೀ, ಈಗಲೂ ಅದರಲ್ಲಿ ಒಂದು ತಪ್ಪು ಹುಡುಕಲಾರಿರಿ. ಕತ್ತಿಯ ಠೀವಿ, ಸತ್ಯಸಂಧತೆ, ಹಿಂದುಳಿದ ಸೀಮೆಯ ಜನರ ಪ್ರಾಣರಕ್ಷಣೆಗಾಗಿ ಬಳ್ಳಿಗಾವಿಯಲ್ಲಿ ಕಲ್ಲು ನೆಡಿಸಿದ ಕರುಣೆ, ಸೊರಬದಲ್ಲಿ ತಂಗಿದ್ದು, ಚಂದ್ರಗುತ್ತಿಯ ಬೆಟ್ಟ ಏರಿದ್ದು. ಬಸಣ್ಣ ಇಲ್ಲ. ಕಾಲೂ ಇಲ್ಲ, ಚರಂಡಿಯೂ ಇಲ್ಲ. ಕಾರ್ಬನ್ ಇಟ್ಟು ಒಂದು ಪ್ರತಿ ನಾನೂ ಇಟ್ಟುಕೊಂಡೆ, ಅಷ್ಟು ಹೆಮ್ಮೆ. ರಾಯರು ಕಣ್ಣಿಗೊತ್ತಿಕೊಂಡು ರುಜು ಹಾಕಿ ಟಪಾಲಿಗೆ ಹಾಕಿದರು. ಅವತ್ತು ಆ ಮನೆಯಲ್ಲಿ ನನಗೆ ಕಾಫಿ ಬರಲಿಲ್ಲ.

ಜೂನ್ ಬಂತು, ಸ್ಕೂಲು ಶುರುವಾಯಿತು. ಮೊದಲ ಮಳೆ ಬಿದ್ದು ಧೂಳು ಅಡಗಿದ ಒಂದು ಸಂತೆಯ ದಿನ, ಮಧ್ಯಾಹ್ನದ ಬಿಡುವಿನಲ್ಲಿ ಜವಾನ ಬಂದು "ಯಾರೋ ಬಳ್ಳಿಗಾವಿಯೋರು" ಅಂದ. ವರಾಂಡದಲ್ಲಿ ಬಸಣ್ಣ. ಮಡಿಸಿದ ಬಿಳಿ ಅಂಗಿ ಬಿಡಿಸಿ ಹಾಕಿಕೊಂಡು ಬಂದಿದ್ದ, ಗೆರೆ ಇನ್ನೂ ಹೋಗಿರಲಿಲ್ಲ. ಗೇಟಿನ ಆಚೆ ಬೇವಿನ ಮರದ ಕೆಳಗೆ ಇನ್ನೊಬ್ಬ ಮುದುಕ ಈ ಕಡೆಗೆ ಬೆನ್ನು ಹಾಕಿ ನಿಂತಿದ್ದ.

"ಅಣ್ಣ," ಅಂದ ಬಸಣ್ಣ ಪಿಸುಮಾತಿನಲ್ಲಿ. "ಬರ್ದಾಗೈತಿ ಅಂದ್ರೆ ನಂಬ್ಲಿಲ್ಲ. ಕರ್ಕೊಂಡೇ ಬಂದೆ. ಮೊದ್ಲು ನನಗೆ ಓದಿ ಹೇಳ್ರಿ ಮೇಷ್ಟ್ರೇ, ಆಮೇಲೆ ಅವ್ನ ಕರೀತೀನಿ."

ಆಗಲೂ ಹೇಳಬಹುದಿತ್ತು. ನಾನು ಒಳಗೆ ಹೋಗಿ ಕಾರ್ಬನ್ ಪ್ರತಿ ತಂದೆ. ಗಂಟಲು ಸರಿ ಮಾಡಿಕೊಂಡು ಬಳ್ಳಿಗಾವಿಯ ಪುಟ ಓದಿದೆ. ಅವನು ಕಟ್ಟೆಯ ಮೇಲೆ ಕೂತು, ಕೋಲಿನ ಮೇಲೆ ಗಲ್ಲ ಊರಿ, ಕಣ್ಣು ಮುಚ್ಚಿ, ಪುರಾಣ ಕೇಳುವವರ ಹಾಗೆ ಕೇಳಿದ. ಓದಿ ಮುಗಿಸಿ ನಾನು ಕನ್ನಡದಲ್ಲಿ, "ನೀವು ಕುಡಿದಿರಲಿಲ್ಲ, ಅಂಚಿನಲ್ಲೇ ಇದ್ರಿ ಅಂತ ಬರೆದಿದೆ," ಅಂದೆ.

"ಇನ್ನೊಂದು ಸಲ ಓದ್ರಿ."

ಓದಿದೆ. ಈ ಸಲ ಅವನು ಕಣ್ಣು ಮುಚ್ಚಲಿಲ್ಲ, ನನ್ನ ತುಟಿಯನ್ನೇ ನೋಡುತ್ತಿದ್ದ.

"ಅಲ್ರೀ, ಬಳ್ಳಿಗಾವಿ ಅಂತ ಬಂತು. ಸೊರಬ ಅಂತ ಬಂತು. ಚಂದ್ರಗುತ್ತಿ ಅಂತಾನೂ ಬಂತು. ಬಸಣ್ಣ ಅಂತ ಎಲ್ಲೂ ಬರ್ಲಿಲ್ಲ." ಸಿಟ್ಟಿನಿಂದ ಅಲ್ಲ, ತಿಳಿಯದೆ ಕೇಳುವವನ ಹಾಗೆ ಕೇಳಿದ. "ಇಂಗ್ಲಿಷ್‌ನಾಗೆ ಬಸಣ್ಣಗೆ ಬೇರೆ ಏನಾದ್ರೂ ಅಂತಾರಾ?"

ಕೈಯಲ್ಲಿದ್ದ ಕಾಗದವನ್ನು ಸುಮ್ಮನೆ ತಿರುವಿದೆ. ಬೇಕಿದ್ದರೆ ಇನ್ನೊಂದು ಸುಳ್ಳು ಹೇಳಬಹುದಿತ್ತು, ಅಷ್ಟೂ ಗಂಡಸುತನ ನನ್ನಲ್ಲಿರಲಿಲ್ಲ. ಅವನು ಕಾದ. ಮಕ್ಕಳು ಅಂಗಳದಲ್ಲಿ ಕೂಗಾಡುತ್ತಿದ್ದರು. ಆಮೇಲೆ ಕೋಲನ್ನು ಕಂಕುಳಿಗೆ ತಗೊಂಡು ಎದ್ದ.

"ಹಂಗಾದ್ರೆ ಬರ್ದಿಲ್ಲ ಅನ್ರಿ. ಅದನ್ನ ಕನ್ನಡದಾಗೆ ಹೇಳಾಕೆ ಇಷ್ಟೊತ್ತು ಬೇಕಾತಾ?"

ಈ ಸಲ ಮೇಷ್ಟ್ರೇ ಅನ್ನಲಿಲ್ಲ. ಮೆಟ್ಟಿಲು ಇಳಿದು ಗೇಟಿನವರೆಗೆ ಹೋದ. ಅಣ್ಣ ತಿರುಗಿ ಏನೋ ಕೇಳಿದ, ಇವನು ತಲೆ ಅಲ್ಲಾಡಿಸಿದ. ಅಣ್ಣ ಹೆಗಲ ಮೇಲಿನ ಟವೆಲ್ಲು ಕೊಡವಿ ಬಸ್ ಸ್ಟ್ಯಾಂಡಿನ ಕಡೆ ನಡೆದುಬಿಟ್ಟ, ಕೋಲು ಊರಿಕೊಂಡು ಬರುವ ತಮ್ಮನಿಗಾಗಿ ಒಂದು ಹೆಜ್ಜೆಯೂ ನಿಲ್ಲಲಿಲ್ಲ.

ನನ್ನ ವರ್ಗದ ಆರ್ಡರು ಅದೇ ವಾರ ಬಂತು. ನಾನು ಶಿವಮೊಗ್ಗಕ್ಕೆ ಹೋದೆ.